ಕೋರ್ಡಾ ಮತ್ತು ಕಾರಾಪುರದ ಹುಡುಗ



ಹಾಲಿವುಡ್ಡಿನ ಒಬ್ಬ ನಿರ್ಮಾಪಕನ ಬದುಕಿನ ಬಗ್ಗೆ ಮಾತಾಡಬೇಕು ಎಂದು ಸಂಘದವರು ಹೇಳಿದಾಗ ನಾನು ಆರಿಸಿಕೊಂಡ ಹೆಸರು ಅಲೆಕ್ಸಾಂಡರ್ ಕೋರ್ಡಾ. ಹಂಗೇರಿಯಲ್ಲಿ ಹುಟ್ಟಿದವನು, ಲಂಡನ್ನಿನಲ್ಲಿ ಕಂಪನಿ ಕಟ್ಟಿದವನು, ಯುದ್ಧ ಬಂದಾಗ ಹಾಲಿವುಡ್ಡಿಗೆ ಹೋಗಿ ಅಲ್ಲಿ ಚಿತ್ರ ತೆಗೆದವನು. ಅವನಿಗಿಂತ ಹೆಚ್ಚು ದುಡ್ಡು ಮಾಡಿದ ನಿರ್ಮಾಪಕರು ಎಷ್ಟೋ ಜನ ಇದ್ದಾರೆ. ಆದರೆ ಕನ್ನಡ ನೆಲದ ಒಬ್ಬ ಬಡ ಹುಡುಗನನ್ನು ಜಗತ್ತಿನ ಪರದೆಯ ಮೇಲೆ ನಿಲ್ಲಿಸಿದವನು ಇವನೊಬ್ಬನೇ. ಆ ಹುಡುಗ ಮೈಸೂರಿನ ಸಾಬು.

ಸಾಬು ಹುಟ್ಟಿದ್ದು 1924ರ ಜನವರಿ 27ರಂದು, ಮೈಸೂರು ಸೀಮೆಯ ಕಾರಾಪುರದಲ್ಲಿ. ಅದೇ ವರ್ಷದ ಡಿಸೆಂಬರಿನಲ್ಲಿ ನಮ್ಮ ಬೆಳಗಾವಿಯ ಟಿಳಕವಾಡಿಯಲ್ಲಿ ಗಾಂಧೀಜಿಯವರ ಅಧ್ಯಕ್ಷತೆಯಲ್ಲಿ ಕಾಂಗ್ರೆಸ್ ಅಧಿವೇಶನ ನಡೆಯಿತು. ಆ ಕೂಸಿಗೂ ಈ ಅಧಿವೇಶನಕ್ಕೂ ಏನು ಸಂಬಂಧ ಎಂದು ನೀವು ಕೇಳಬಹುದು. ಹದಿನಾಲ್ಕು ವರ್ಷದ ನಂತರ ಸಂಬಂಧ ಬಂತು. ಅದಕ್ಕೆ ಆಮೇಲೆ ಬರುತ್ತೇನೆ.

ಮೊದಲು ನಿರ್ಮಾಪಕನ ಕೆಲಸ ಏನು ಎಂಬುದನ್ನು ಸ್ವಲ್ಪ ಬಿಡಿಸಿಕೊಳ್ಳೋಣ. ದುಡ್ಡು ಹಾಕುವವನು ಎಂದು ನಾವು ಸುಮ್ಮನಾಗುತ್ತೇವೆ. ಬೆಳಗಾವಿ ಜಿಲ್ಲೆಯವರು ಹಾಗೆ ಸುಮ್ಮನಾಗಬಾರದು, ಯಾಕೆಂದರೆ ನಾವು ನಾಟಕ ಕಂಪನಿಗಳನ್ನು ಹತ್ತಿರದಿಂದ ಕಂಡವರು. ಏಣಗಿ ಬಾಳಪ್ಪನವರು 1947ರಲ್ಲಿ ಕಲಾವೈಭವ ನಾಟ್ಯ ಸಂಘ ಕಟ್ಟಿದರಲ್ಲ, ಆ ಕಾಲದ ಕಂಪನಿ ಮಾಲೀಕನನ್ನು ನೆನಪಿಸಿಕೊಳ್ಳಿರಿ. ಯಾವ ಊರಲ್ಲಿ ಮೊಕ್ಕಾಂ ಹೂಡಬೇಕು, ಯಾವ ನಾಟಕ ಏರಿಸಬೇಕು, ಯಾವ ಹುಡುಗನ ಕಂಠದಲ್ಲಿ ಮುಂದಿನ ರಾಜಾಪಾರ್ಟು ಇದೆ, ಇವತ್ತಿನ ಕಲೆಕ್ಷನ್ನು ಬೀಳದಿದ್ದರೆ ನಾಳೆ ಐವತ್ತು ಜನರ ಊಟಕ್ಕೆ ಯಾರ ಹತ್ತಿರ ಸಾಲ ಕೇಳಬೇಕು, ಇದೆಲ್ಲ ಒಬ್ಬನ ತಲೆಯ ಮೇಲೆ. ಕೋರ್ಡಾ ಮಾಡಿದ್ದು ಇದೇ ಕೆಲಸ, ಅಳತೆ ಮಾತ್ರ ದೊಡ್ಡದು.

ಅವನ ಮೂಲ ಹೆಸರು ಶಾಂಡೋರ್ ಕೆಲ್ನರ್. 1893ರಲ್ಲಿ ಹಂಗೇರಿಯ ಬಯಲುಸೀಮೆಯ ಒಂದು ಹಳ್ಳಿಯಲ್ಲಿ, ಜಮೀನಿನ ಮೇಲುಸ್ತುವಾರಿ ನೋಡಿಕೊಳ್ಳುತ್ತಿದ್ದ ಯಹೂದಿ ತಂದೆಗೆ ಹುಟ್ಟಿದವನು. ಹರೆಯಕ್ಕೆ ಬರುವ ಮೊದಲೇ ತಂದೆ ತೀರಿಕೊಂಡರು. ಬುಡಾಪೆಸ್ಟಿಗೆ ಹೋಗಿ ಪತ್ರಿಕೆಗೆ ಬರೆದ, ಸಿನಿಮಾಕ್ಕೆ ಬಂದ, ಮೂವತ್ತು ತುಂಬುವುದರೊಳಗೆ ಸ್ಟುಡಿಯೋದ ಒಡೆಯನಾದ. 1919ರಲ್ಲಿ ಹೋರ್ಟಿ ಎಂಬ ಸೇನಾನಿಯ ಆಡಳಿತ ಬಂದಾಗ ದೇಶವನ್ನೇ ಬಿಡಬೇಕಾಯಿತು. ವಿಯೆನ್ನಾ, ಬರ್ಲಿನ್, ಆಮೇಲೆ ಹಾಲಿವುಡ್. ಹಾಲಿವುಡ್ಡಿನ ಆ ಮೊದಲ ಸರದಿ ಅವನ ಕೈಹಿಡಿಯಲಿಲ್ಲ. ಪ್ಯಾರಿಸ್ಸಿಗೆ ಬಂದು 1931ರಲ್ಲಿ 'ಮಾರಿಯುಸ್' ತೆಗೆದ, 1932ರಲ್ಲಿ ಲಂಡನ್ನಿನಲ್ಲಿ ಲಂಡನ್ ಫಿಲ್ಮ್ಸ್ ಶುರು ಮಾಡಿದ. ಮರುವರ್ಷ ಬಂದ 'ದಿ ಪ್ರೈವೇಟ್ ಲೈಫ್ ಆಫ್ ಹೆನ್ರಿ ಎಯ್ಟ್' ಅವನ ದೆಸೆ ತಿರುಗಿಸಿತು. ಚಾರ್ಲ್ಸ್ ಲಾಟನ್‌ಗೆ ಆಸ್ಕರ್ ಬಂತು, ಕೋರ್ಡಾಗೆ ಸಾಲ ಕೊಡುವವರು ಬಂದರು. ಪ್ರುಡೆನ್ಶಿಯಲ್ ವಿಮಾ ಕಂಪನಿಯ ಹಣದಲ್ಲಿ ಡೆನ್ಹಮ್ ಎಂಬಲ್ಲಿ ಭಾರಿ ಸ್ಟುಡಿಯೋ ಎದ್ದಿತು. ಚಾಪ್ಲಿನ್ ಮೊದಲಾದವರು ಕಟ್ಟಿದ್ದ ಅಮೆರಿಕದ ಯುನೈಟೆಡ್ ಆರ್ಟಿಸ್ಟ್ಸ್‌ನಲ್ಲಿ 1935ರಲ್ಲಿ ಪಾಲುದಾರನೂ ಆದ.

ಅದೇ 1935ರಲ್ಲಿ ಅವನು ಕಿಪ್ಲಿಂಗನ ಆನೆ ಮಾವುತನ ಹುಡುಗನ ಕಥೆಯನ್ನು ಚಿತ್ರ ಮಾಡಲು ರಾಬರ್ಟ್ ಫ್ಲಾಹರ್ಟಿಯನ್ನು ಮೈಸೂರಿಗೆ ಕಳಿಸಿದ. ಫ್ಲಾಹರ್ಟಿ ಎಂದರೆ ಹಿಮನಾಡಿನ ಜನರ ಮೇಲೆ 'ನಾನೂಕ್' ತೆಗೆದ ದೊಡ್ಡ ಸಾಕ್ಷ್ಯಚಿತ್ರಕಾರ. ನಾಲ್ವಡಿ ಕೃಷ್ಣರಾಜ ಒಡೆಯರ ಕಾಲ, ಮಹಾರಾಜರ ಸಹಕಾರ ಧಾರಾಳವಾಗಿತ್ತು. ಹುಡುಗನ ಹುಡುಕಾಟ ನಡೆದಿತ್ತು. ಕ್ಯಾಮೆರಾದ ಓಸ್ಮಂಡ್ ಬೊರಾಡೈಲ್ ಅರಮನೆಯ ಆನೆಲಾಯದ ಹತ್ತಿರ ಸಾಬುವನ್ನು ಕಂಡ. ಮಾವುತನ ಮಗ, ತಂದೆ ತಾಯಿ ಇಬ್ಬರನ್ನೂ ಕಳೆದುಕೊಂಡವನು, ಆನೆಯ ಮೈಮೇಲೆ ಹತ್ತುವುದು ಇಳಿಯುವುದು ಅವನಿಗೆ ಮನೆಯ ಕಟ್ಟೆ ಹತ್ತಿ ಇಳಿದಷ್ಟೇ ಸಲೀಸು. ಜೊತೆಗೆ ನಟಿಸಿದ್ದು ಅರಮನೆಯ ಐರಾವತ ಎಂಬ ಆನೆ.

ಫ್ಲಾಹರ್ಟಿಗೆ ಅವಸರವಿಲ್ಲ. ವರ್ಷಕ್ಕೂ ಮಿಕ್ಕಿ ಮೈಸೂರಿನಲ್ಲೇ ಉಳಿದ, ಕಾಡು ತೆಗೆದ, ಖೆಡ್ಡಾ ತೆಗೆದ, ಆನೆಯ ಹಿಂಡು ತೆಗೆದ. ರೀಲಿನ ಮೇಲೆ ರೀಲು ಲಂಡನ್ನಿಗೆ ಹೋಯಿತು, ಕಥೆ ಮಾತ್ರ ಹೋಗಲಿಲ್ಲ. ಬೇರೆ ನಿರ್ಮಾಪಕನಾಗಿದ್ದರೆ ನಷ್ಟ ಎಂದು ಬರೆದು ಪೆಟ್ಟಿಗೆ ಮುಚ್ಚಿಬಿಡುತ್ತಿದ್ದ. ಕೋರ್ಡಾ ಮುಚ್ಚಲಿಲ್ಲ. ಆ ರೀಲುಗಳಲ್ಲಿ ಅವನ ಕಣ್ಣಿಗೆ ಬಿದ್ದದ್ದು ಹುಡುಗನ ಮುಖ. ಸಾಬುವನ್ನೂ ಅವನ ಅಣ್ಣನನ್ನೂ ಇಂಗ್ಲೆಂಡಿಗೆ ಕರೆಸಿದ, ಕಥೆಯ ಭಾಗಗಳನ್ನು ತಮ್ಮ ಜೋಲ್ಟಾನ್ ಕೋರ್ಡಾನ ಕೈಯಲ್ಲಿ ಡೆನ್ಹಮ್‌ನಲ್ಲಿ ತೆಗೆಸಿದ, ಎರಡನ್ನೂ ಹೊಲಿದು 1937ರಲ್ಲಿ 'ಎಲಿಫೆಂಟ್ ಬಾಯ್' ಎಂದು ಬಿಡುಗಡೆ ಮಾಡಿದ. ವೆನಿಸ್ ಉತ್ಸವದಲ್ಲಿ ನಿರ್ದೇಶನದ ಪ್ರಶಸ್ತಿ ಬಂತು. ನಿರ್ಮಾಪಕನ ಪ್ರತಿಭೆ ಎಂದರೆ ಏನು ಎಂದು ಯಾರಾದರೂ ಕೇಳಿದರೆ ನಾನು ಈ ಪ್ರಸಂಗವನ್ನೇ ಹೇಳುತ್ತೇನೆ. ಇದರಲ್ಲಿ ಅವನ ಬಗ್ಗೆ ನನಗಿರುವ ಗೌರವಕ್ಕೆ ಕೊರತೆಯಿಲ್ಲ.

ಮುಂದಿನದು ನನ್ನನ್ನು ಬಹಳ ಕಾಲದಿಂದ ಕಾಡಿದ ಭಾಗ.

1938ರಲ್ಲಿ ಕೋರ್ಡಾ 'ದಿ ಡ್ರಮ್' ತಂದ. ಬಣ್ಣದ ಚಿತ್ರ, ವಾಯವ್ಯ ಗಡಿನಾಡಿನ ಕಥೆ. ಅದರಲ್ಲಿ ಸಾಬು ಬ್ರಿಟಿಷರ ಪ್ರಾಣ ಉಳಿಸುವ ರಾಜಕುಮಾರ. ಬ್ರಿಟಿಷರ ವಿರುದ್ಧ ಏಳುವ ಗುಲ್ ಖಾನ್ ಖಳನಾಯಕ, ಆ ಪಾತ್ರ ಮಾಡಿದ್ದು ಮುಖಕ್ಕೆ ಬಣ್ಣ ಬಳಿದುಕೊಂಡ ಕೆನಡಾದ ರೇಮಂಡ್ ಮ್ಯಾಸ್ಸಿ. ಇದು ಆಕಸ್ಮಿಕವಲ್ಲ. ಕೋರ್ಡಾ ಅದಕ್ಕೂ ಮೊದಲೇ ಚರ್ಚಿಲ್‌ಗೆ ಸಂಬಳ ಕೊಟ್ಟು ಚಿತ್ರಕಥೆಯ ಕೆಲಸಕ್ಕೆ ಇಟ್ಟುಕೊಂಡಿದ್ದವನು. ಆಶ್ರಯ ಕೊಟ್ಟ ಸಾಮ್ರಾಜ್ಯದ ಮೇಲೆ ಅವನಿಗೆ ನಿಜವಾದ ಭಕ್ತಿಯಿತ್ತು. ಮುಂಬೈಯಲ್ಲಿ ಚಿತ್ರ ತೆರೆಕಂಡಾಗ ಜನ ಬೀದಿಗಿಳಿದರು, ಪ್ರದರ್ಶನ ನಿಂತಿತು. ಆಗ ಬೆಳಗಾವಿ ಇದ್ದದ್ದು ಮುಂಬೈ ಪ್ರಾಂತದಲ್ಲಿ, ಪಕ್ಕದ ಖಾನಾಪುರವೂ ಅಲ್ಲೇ. ಟಿಳಕವಾಡಿಯ ಅಧಿವೇಶನದಲ್ಲಿ ಕಿವಿಗೊಟ್ಟು ಕೂತಿದ್ದ ಪೀಳಿಗೆ ನಮ್ಮ ಹುಡುಗನೊಬ್ಬ ಪರಕೀಯರ ನಗಾರಿ ಬಾರಿಸುವುದನ್ನು ಹೇಗೆ ನೋಡೀತು? ನಾನು ಮೊದಲು ಹೇಳಿದ ಸಂಬಂಧ ಇದು. ಸಾಬುವನ್ನು ನಾನು ದೂರುವುದಿಲ್ಲ. ಅವನಿಗೆ ಹದಿನಾಲ್ಕು ವರ್ಷ. ಪಾತ್ರ ಆರಿಸುವ ಅಧಿಕಾರ ಇದ್ದದ್ದು ಕರಾರುಪತ್ರ ಹಿಡಿದವನ ಕೈಯಲ್ಲಿ.

ಇನ್ನೊಂದು ಹೆಸರು ಇಲ್ಲಿ ಬರಲೇಬೇಕು. ಮರ್ಲ್ ಓಬೆರಾನ್. 1911ರಲ್ಲಿ ಮುಂಬೈಯಲ್ಲಿ ಹುಟ್ಟಿದ ಆಂಗ್ಲೋ ಇಂಡಿಯನ್ ಹುಡುಗಿ. 'ಹೆನ್ರಿ ಎಯ್ಟ್'ನಲ್ಲಿ ಆ್ಯನ್ ಬೊಲೀನ್ ಪಾತ್ರ ಕೊಟ್ಟು ಅವಳನ್ನು ಬೆಳಕಿಗೆ ತಂದವನು ಕೋರ್ಡಾನೇ, 1939ರಲ್ಲಿ ಅವಳನ್ನೇ ಮದುವೆಯಾದ. ಅವಳು ಟಾಸ್ಮೇನಿಯಾದಲ್ಲಿ ಹುಟ್ಟಿದವಳು ಎಂಬ ಸುಳ್ಳನ್ನು ಪ್ರಚಾರದವರು ಹಬ್ಬಿಸಿದರು, ಅವಳು ಅದನ್ನು ಬದುಕಿನುದ್ದಕ್ಕೂ ಹೊತ್ತಳು. ನೋಡಿರಿ, ಒಬ್ಬನೇ ನಿರ್ಮಾಪಕ, ಈ ದೇಶದ ಇಬ್ಬರು ಮಕ್ಕಳು. ಅವಳು ಪರದೆಯ ಮೇಲೆ ಇರಬೇಕಾದರೆ ಭಾರತವನ್ನು ಮುಚ್ಚಿಡಬೇಕು. ಇವನು ಪರದೆಯ ಮೇಲೆ ಇರಬೇಕಾದರೆ ಕಾಡು, ಆನೆ, ಮುಂಡಾಸು ಬಿಟ್ಟು ಹೊರಗೆ ಬರಬಾರದು. ಕೆಲ್ನರ್ ಎಂಬ ಹೆಸರನ್ನು ಕಳಚಿ, ದೇಶದಿಂದ ದೇಶಕ್ಕೆ ನಡೆದು, ಕೊನೆಗೆ 1942ರಲ್ಲಿ ಇಂಗ್ಲೆಂಡಿನ ಅರಸನಿಂದ 'ಸರ್' ಎನಿಸಿಕೊಂಡವನು ಕೋರ್ಡಾ. ತನಗೆ ದಕ್ಕಿದ ಈ ಸ್ವಾತಂತ್ರ್ಯದ ಒಂದು ತುಣುಕನ್ನೂ ಅವನು ಸಾಬುವಿಗೆ ಕೊಡಲಿಲ್ಲ ಎಂಬುದೇ ಅವನ ಮೇಲೆ ನನಗಿರುವ ದೊಡ್ಡ ಆಕ್ಷೇಪ.

'ದಿ ಥೀಫ್ ಆಫ್ ಬಾಗ್ದಾದ್' ಚಿತ್ರೀಕರಣ ಡೆನ್ಹಮ್‌ನಲ್ಲಿ ನಡೆದಿದ್ದಾಗ ಯುದ್ಧ ಶುರುವಾಯಿತು. ಉಳಿದದ್ದನ್ನು ಹಾಲಿವುಡ್ಡಿನಲ್ಲಿ ಮುಗಿಸಿ 1940ರಲ್ಲಿ ಬಿಡುಗಡೆ ಮಾಡಿದರು. ಮೂರು ಆಸ್ಕರ್ ಬಂದವು, ಅದರಲ್ಲಿ ಕಲಾನಿರ್ದೇಶನದ್ದು ಇನ್ನೊಬ್ಬ ತಮ್ಮ ವಿನ್ಸೆಂಟನದು. ಬಾಗ್ದಾದಿನ ಆ ಕಳ್ಳಹುಡುಗನ ಪಾತ್ರದಲ್ಲಿ ಸಾಬು ಎಷ್ಟು ಚುರುಕಾಗಿದ್ದಾನೆಂದರೆ ಉಳಿದ ನಟರು ನಿಂತ ಬೊಂಬೆಗಳಂತೆ ಕಾಣುತ್ತಾರೆ. 1942ರ 'ಜಂಗಲ್ ಬುಕ್' ಇಡಿಯಾಗಿ ಹಾಲಿವುಡ್ಡಿನಲ್ಲೇ ತೆಗೆದದ್ದು. ನಿಜವಾದ ಕಾಡಿನಿಂದ ಬಂದ ಹುಡುಗನನ್ನು ಕಟ್ಟಿದ ಕಾಡಿನಲ್ಲಿ ಓಡಾಡಿಸಿದರು. ಅಲ್ಲಿಗೆ ಕೋರ್ಡಾನ ಜೊತೆ ಮುಗಿದು ಸಾಬು ಯುನಿವರ್ಸಲ್ ಕಂಪನಿಗೆ ಹೋದ. 'ಅರೇಬಿಯನ್ ನೈಟ್ಸ್', 'ಕೋಬ್ರಾ ವುಮನ್', ಮತ್ತೆ ಅದೇ ವೇಷ.

ಕ್ಯಾಮೆರಾದ ಹೊರಗೆ ಅವನ ಬದುಕು ಬೇರೆಯೇ ಇತ್ತು. 1944ರಲ್ಲಿ ಅಮೆರಿಕದ ಪೌರನಾದ, ವಾಯುಪಡೆ ಸೇರಿದ, ಬಾಂಬರ್ ವಿಮಾನದ ಬಾಲದಲ್ಲಿ ಬಂದೂಕು ಹಿಡಿದು ಪೆಸಿಫಿಕ್ ಮೇಲೆ ಹಾರಿದ, ಡಿಸ್ಟಿಂಗ್ವಿಶ್ಡ್ ಫ್ಲೈಯಿಂಗ್ ಕ್ರಾಸ್ ಪಡೆದ. ಅಂಥ ಸೈನಿಕನ ಪಾತ್ರ ಅವನಿಗೆ ಕೊಡಬೇಕೆಂದು ಯಾವ ನಿರ್ಮಾಪಕನಿಗೂ ತೋಚಲಿಲ್ಲ. ಮೆಹಬೂಬ್ ಖಾನ್ 'ಮದರ್ ಇಂಡಿಯಾ'ದ ಬಿರ್ಜು ಪಾತ್ರಕ್ಕೆ ಮೊದಲು ಯೋಚಿಸಿದ್ದು ಸಾಬುವನ್ನೇ. ಅದು ಕೂಡಿಬರಲಿಲ್ಲ, ಸುನಿಲ್ ದತ್ ಮಾಡಿದರು. ಅದೊಂದು ಕೂಡಿಬಂದಿದ್ದರೆ ಎಂದು ನನಗೆ ಇವತ್ತಿಗೂ ಹೊಟ್ಟೆ ಉರಿಯುತ್ತದೆ. ನಮ್ಮ ಜನ ಅವನನ್ನು ರೈತನ ಮಗನಾಗಿ ನೋಡುತ್ತಿದ್ದರು.

ಕೋರ್ಡಾ ಯುದ್ಧದ ನಂತರ ಲಂಡನ್ನಿಗೆ ಮರಳಿದ. 1949ರ 'ದಿ ಥರ್ಡ್ ಮ್ಯಾನ್' ಹಿಂದೆ ಅವನೂ ಇದ್ದ. 1956ರ ಜನವರಿ 23ರಂದು ತೀರಿಕೊಂಡ. ಸಾಬು 1963ರ ಡಿಸೆಂಬರ್ 2ರಂದು ಹೃದಯಾಘಾತದಿಂದ ಹೋದ. ಅವನಿಗೆ ಮೂವತ್ತೊಂಬತ್ತು ವರ್ಷ.

ಮುಂದಿನ ತಿಂಗಳು 'ಎಲಿಫೆಂಟ್ ಬಾಯ್' ತೋರಿಸುವ ಯೋಚನೆ ಸಂಘಕ್ಕಿದೆ. ಖಾನಾಪುರದವರು ತಪ್ಪದೆ ಬರಬೇಕು. ದಾಂಡೇಲಿ ಕಡೆಯಿಂದ ನಿಮ್ಮ ಕಾಡಿಗೆ, ಗದ್ದೆಗೆ ಆನೆ ಇಳಿಯುತ್ತವೆ, ಆನೆಯ ನಡಿಗೆ ನಿಮಗೆ ಗೊತ್ತು. ಮೈಸೂರಿನಲ್ಲಿ ತೆಗೆದದ್ದು ಯಾವುದು, ಡೆನ್ಹಮ್‌ನಲ್ಲಿ ತೆಗೆದದ್ದು ಯಾವುದು ಎಂದು ಗುರುತು ಹಿಡಿಯುತ್ತ ನೋಡಿರಿ. ಮಾಚುವಾ ಅಪ್ಪಾ ಎಂಬ ಮುಖ್ಯ ಮಾವುತನ ಪಾತ್ರದಲ್ಲಿರುವವನು ಇಂಗ್ಲಿಷ್ ನಟ ಆ್ಯಲನ್ ಜೇಯ್ಸ್ ಎಂಬುದನ್ನೂ ಗಮನಿಸಿರಿ. ಸಾಬು ಐರಾವತದ ಮೇಲೆ ಕೂತಿರುವಾಗ ನಿಮಗೆ ಯಾವ ಗುರುತೂ ಬೇಕಾಗುವುದಿಲ್ಲ. ಈಗ ಪ್ರಶ್ನೆಗಳಿದ್ದರೆ ಕೇಳಿರಿ.