ಚೀಲ ಹೊತ್ತವರ ಗೆಲುವು

ಭೀಮರಾಯನಗುಡಿ ಕೃಷ್ಣಾ ಮೇಲ್ದಂಡೆ ಯೋಜನೆಯ ಊರು. ಕಾಲುವೆಗೆ ಮಣ್ಣು ಹೊತ್ತವರ ಹೆಸರು ಉದ್ಘಾಟನೆಯ ಕಲ್ಲಿನ ಮೇಲೆ ಇರುವುದಿಲ್ಲವೆಂದು ಇಲ್ಲಿಯವರಿಗೆ ಹೇಳಬೇಕಾಗಿಲ್ಲ. ಸಿರಿವಂತರ ಆಟವೆನಿಸಿದ ಗಾಲ್ಫ್‌ನಲ್ಲಿಯೂ ಅಂಥವರಿದ್ದಾರೆ. ಅವರೇ ಕ್ಯಾಡಿಗಳು.

ಗಾಲ್ಫ್ ಆಟಗಾರನ ಚೀಲದಲ್ಲಿ 14 ಕೋಲುಗಳವರೆಗೆ ಇರಬಹುದು. ಅದನ್ನು ಹೊರುವ ಕ್ಯಾಡಿ ಗಾಳಿಯ ದಿಕ್ಕು, ಗುಳಿಯ ದೂರ, ನೆಲದ ಇಳಿಜಾರನ್ನೂ ಬಲ್ಲವನು. ವೈಯಕ್ತಿಕ ಪಂದ್ಯದಲ್ಲಿ ಆಟಗಾರ ಸಲಹೆ ಕೇಳಬಹುದಾದದ್ದು ತನ್ನ ಕ್ಯಾಡಿಯನ್ನು ಮಾತ್ರ.

ಇಂಡಿಯನ್ ಓಪನ್ ದೇಶವಿದೇಶಗಳ ವೃತ್ತಿಪರರು ಸೇರುವ ಪಂದ್ಯಾವಳಿ. ನಾಲ್ಕು ದಿನ, ದಿನಕ್ಕೆ 18 ಗುಳಿ. ಕಡಿಮೆ ಹೊಡೆತಗಳಲ್ಲಿ ಮುಗಿಸಿದವನೇ ವಿಜೇತ. 1964ರಲ್ಲಿ ಮೊದಲ ಬಾರಿ ಗೆದ್ದವರು ಆಸ್ಟ್ರೇಲಿಯದ ಪೀಟರ್ ಥಾಮ್ಸನ್. ಮರುವರ್ಷ ಹವ್ಯಾಸಿ ಆಟಗಾರ ಪಿ.ಜಿ. ಸೇಠಿ ಗೆದ್ದರು. ಆಮೇಲೆ ಭಾರತೀಯರು 1991ರವರೆಗೆ ಕಾಯಬೇಕಾಯಿತು. ಆ ವರ್ಷ ಗೆದ್ದ ಅಲಿ ಶೇರ್ ಹಿಂದೆ ಕ್ಯಾಡಿಯಾಗಿದ್ದವರು.

2009ರಲ್ಲಿ ಬೆಂಗಳೂರಿನ ಸಿ. ಮುನಿಯಪ್ಪನವರ ಸರದಿ. ಅವರೂ ಕ್ಯಾಡಿಯಾಗಿದ್ದವರೇ. ಕೊರಿಯದ ಲೀ ಸಂಗ್ ಅವರೊಡನೆ ಸಮಬಲವಾಗಿ, ಹೆಚ್ಚುವರಿ ಆಟದಲ್ಲಿ ಪ್ರಶಸ್ತಿ ಪಡೆದರು. 2016, 2017ರಲ್ಲಿ ಸತತವಾಗಿ ಗೆದ್ದ ಎಸ್.ಎಸ್.ಪಿ. ಚೌರಾಸಿಯಾ ಅವರು ಕೋಲ್ಕತ್ತದ ಗಾಲ್ಫ್ ಮೈದಾನದ ಹುಲ್ಲು ನೋಡಿಕೊಳ್ಳುತ್ತಿದ್ದವರ ಮಗ.

ಇದನ್ನು ಅದೃಷ್ಟವೆನ್ನಲಾಗದು. ವರ್ಷಗಟ್ಟಲೆ ಪರರಿಗಾಗಿ ಮೈದಾನವನ್ನು ಓದಿದವರು ಇವರು. ಕೋಲು ಕೈಗೆ ಬಂದ ದಿನ ಆ ಓದು ಅವರದಾಯಿತು. ಆದರೆ ಕೋಲು ಕೈಗೆ ಬಾರದೆ ಉಳಿದ ಕ್ಯಾಡಿಗಳು ಎಷ್ಟು ಮಂದಿ? ಆ ಲೆಕ್ಕ ಯಾವ ಅಂಕಪಟ್ಟಿಯಲ್ಲೂ ಸಿಗುವುದಿಲ್ಲ.