ಕ್ಯಾಮೆರಾ ಇಲ್ಲದ ಚಿತ್ರ: ಸ್ಟ್ಯಾನ್ ಬ್ರ್ಯಾಕೇಜ್

ಚಲನಚಿತ್ರವೆಂದರೆ ಕ್ಯಾಮೆರಾ ಕಂಡದ್ದರ ದಾಖಲೆ ಎಂಬ ನಂಬಿಕೆಯನ್ನು ಅಮೆರಿಕದ ಪ್ರಯೋಗಶೀಲ ನಿರ್ದೇಶಕ ಸ್ಟ್ಯಾನ್ ಬ್ರ್ಯಾಕೇಜ್ (1933–2003) ಬುಡಸಮೇತ ಅಲುಗಾಡಿಸಿದರು. ಅರ್ಧ ಶತಮಾನದಲ್ಲಿ ಅವರು ರಚಿಸಿದ ಸುಮಾರು 350 ಚಿತ್ರಗಳಲ್ಲಿ ಹೆಚ್ಚಿನವು ನಿಶ್ಶಬ್ದ; ನೋಟದ ಲಯಕ್ಕೆ ಸಂಗೀತದ ಆಸರೆ ಬೇಡವೆಂಬುದು ಅವರ ದೃಢ ನಿಲುವಾಗಿತ್ತು.

ಕ್ಯಾಮೆರಾ ಇಲ್ಲದ ಚಿತ್ರಕ್ಕೆ ಉಜ್ವಲ ನಿದರ್ಶನ 1963ರ ‘ಮಾತ್‌ಲೈಟ್’. ಫಿಲ್ಮ್ ಕೊಳ್ಳಲೂ ಹಣವಿಲ್ಲದ ದಿನಗಳಲ್ಲಿ ಬ್ರ್ಯಾಕೇಜ್ ದೀಪಕ್ಕೆ ಬಿದ್ದು ಸತ್ತ ಪತಂಗಗಳ ರೆಕ್ಕೆ, ಹೂವಿನ ಎಸಳು, ಹುಲ್ಲಿನ ಗರಿಗಳನ್ನು ಆಯ್ದು, 16 ಮಿ.ಮೀ. ಅಗಲದ ಪಾರದರ್ಶಕ ಅಂಟುಪಟ್ಟಿಗಳ ನಡುವೆ ಅದುಮಿ, ಆ ಪಟ್ಟಿಯಿಂದಲೇ ಪ್ರದರ್ಶನದ ಪ್ರತಿಯನ್ನು ತೆಗೆಸಿದರು. ಈ ಅಳತೆಯ ಫಿಲ್ಮಿನಲ್ಲಿ ಒಂದು ಫ್ರೇಮ್, ಅಂದರೆ ಒಂದು ಬಿಡಿಚಿತ್ರ, ಎಂಟು ಮಿಲಿಮೀಟರಿನಷ್ಟೂ ಎತ್ತರವಿಲ್ಲ. ಆದ್ದರಿಂದ ಉದ್ದನೆಯ ರೆಕ್ಕೆಯೊಂದು ಹಲವು ಫ್ರೇಮುಗಳಿಗೆ ಹರಡಿಕೊಂಡು, ಒಂದರಲ್ಲಿ ಅದರ ನರಗಳೂ ಮುಂದಿನದರಲ್ಲಿ ಹರಿದ ಅಂಚೂ ಕಾಣಿಸಿ, ಸೆಕೆಂಡಿಗೆ 24ರಂತೆ ಅವು ಸರಿಯುವಾಗ ಸತ್ತ ಕೀಟವೇ ಪಟಪಟನೆ ಬಡಿದುಕೊಂಡಂತೆ ಭಾಸವಾಗುತ್ತದೆ. ಅಲ್ಲಿರುವುದು ರೆಕ್ಕೆಯ ಛಾಯಾಚಿತ್ರವಲ್ಲ, ರೆಕ್ಕೆಯನ್ನು ಹಾದುಬಂದ ಬೆಳಕಿನ ನೇರ ಮುದ್ರೆ. ನಾಲ್ಕು ನಿಮಿಷವೂ ಮೀರದ ಈ ಕೃತಿ ಇಪ್ಪತ್ತನೆಯ ಶತಮಾನದ ಶ್ರೇಷ್ಠ ಚಿತ್ರಗಳ ಸಾಲಿಗೆ ನಿಸ್ಸಂದೇಹವಾಗಿ ಸೇರುತ್ತದೆ.

ಮುಂದೆ ಅವರು ಫಿಲ್ಮಿನ ಮೇಲೆಯೇ ಬಣ್ಣ ಬಳಿಯತೊಡಗಿದರು. ‘ದಿ ಡಾಂಟೆ ಕ್ವಾರ್ಟೆಟ್’ (1987) ಚಿತ್ರದ ಅವಧಿ ಆರೇಳು ನಿಮಿಷ, ಅದರ ಹಿಂದಿನ ದುಡಿಮೆ ಆರು ವರ್ಷ. ಕುಂಚದ ಜೊತೆಗೆ ಕೆರೆಯುವಿಕೆಯೂ ಅವರ ವಿಧಾನವಾಗಿತ್ತು: ಫಿಲ್ಮಿನ ಮೇಲಿನ ಎಮಲ್ಷನ್, ಎಂದರೆ ಬೆಳಕಿಗೆ ಸ್ಪಂದಿಸುವ ಜೆಲಟಿನ್ ಲೇಪ, ಕಿತ್ತುಬಂದ ಕಡೆಯಲ್ಲೆಲ್ಲ ಪರದೆಯ ಮೇಲೆ ಬೆಳಕಿನ ಗೆರೆ ಮೂಡುತ್ತದೆ.

ಮೊದಲು ಷಿಕಾಗೋದ ಆರ್ಟ್ ಇನ್‌ಸ್ಟಿಟ್ಯೂಟಿನ ಶಾಲೆಯಲ್ಲಿ, 1981ರಿಂದ ಬೋಲ್ಡರಿನ ಕೊಲೊರಾಡೊ ವಿಶ್ವವಿದ್ಯಾಲಯದಲ್ಲಿ ಅವರು ಬೋಧಿಸಿದರು. ಕಲಿತ ರೂಢಿಗಳಿಗೆ ಒಳಪಡುವ ಮುನ್ನ ಕಣ್ಣು ಜಗತ್ತನ್ನು ಹೇಗೆ ಕಂಡೀತೆಂಬುದು ಅವರ ‘ಮೆಟಫರ್ಸ್ ಆನ್ ವಿಷನ್’ (1963) ಗ್ರಂಥದ ಮೂಲ ಪ್ರಶ್ನೆ. ಕಲಿತದ್ದನ್ನು ಕಳಚಿ ನೋಡುವುದನ್ನು ತರಗತಿಯಲ್ಲಿ ಕಲಿಸುವುದು ವಿರೋಧಾಭಾಸವೆನಿಸಬಹುದಾದರೂ, ನೋಟವೂ ಅಭ್ಯಾಸದಿಂದ ಒದಗುವ ವಿದ್ಯೆಯೆಂದು ಬಲ್ಲವರಿಗೆ ಇದರಲ್ಲಿ ತೊಡಕು ಕಾಣದು. ತಮ್ಮ ಕೃತಿಗಳಿಗಷ್ಟೇ ಅಂಟಿಕೊಳ್ಳದೆ ಇತರರ ಚಿತ್ರಗಳನ್ನೂ ತೋರಿಸಿ ವಿವರಿಸುತ್ತಿದ್ದ ಈ ಔದಾರ್ಯಕ್ಕೆ ವಿಮರ್ಶಕರು ಇನ್ನೂ ತಕ್ಕ ಬೆಲೆ ಕಟ್ಟಿಲ್ಲ.

1996ರಲ್ಲಿ ಅವರಿಗೆ ಕ್ಯಾನ್ಸರ್ ಇರುವುದು ಪತ್ತೆಯಾಯಿತು; ತಾವು ಬಳಸಿದ ಬಣ್ಣಗಳ ವಿಷವೇ ಅದಕ್ಕೆ ಕಾರಣವೆಂದು ಅವರು ಶಂಕಿಸಿದ್ದರು. ಆದರೂ ಕೆಲಸ ನಿಲ್ಲಲಿಲ್ಲ. ಕಡೆಯ ಕೃತಿ ‘ಚೈನೀಸ್ ಸೀರೀಸ್’ (2003) ರೂಪುಗೊಂಡದ್ದು ಹಾಸಿಗೆ ಹಿಡಿದ ಸ್ಥಿತಿಯಲ್ಲಿ, ಕಪ್ಪು ಫಿಲ್ಮಿನ ಎಮಲ್ಷನ್ನನ್ನು ಎಂಜಲಿನಿಂದ ಮೆತ್ತಗಾಗಿಸಿ ಉಗುರಿನಿಂದ ಗೀರಿದ ಗೆರೆಗಳಿಂದ.

ಇಂದು ಅವರ ಹಲವು ಚಿತ್ರಗಳು ‘ಬೈ ಬ್ರ್ಯಾಕೇಜ್’ ಎಂಬ ಡಿವಿಡಿ ಸಂಕಲನಗಳಲ್ಲಿ ದೊರೆಯುತ್ತವೆ. ಅಧ್ಯಯನಕ್ಕೆ ಅವು ಸಾಕು. ಆದರೆ ಚಿತ್ರ ಸಮಾಜಗಳು ಅವಕಾಶ ಒದಗಿದಾಗಲೆಲ್ಲ 16 ಮಿ.ಮೀ. ಪ್ರತಿಯನ್ನೇ ತರಿಸಿ, ಹಿನ್ನೆಲೆಗೆ ಯಾವ ಸಂಗೀತವನ್ನೂ ಸೇರಿಸದೆ ಪ್ರದರ್ಶಿಸಬೇಕು.