ಪಾಂಡುವಿಗೆ ಪೆಟ್ಟು, ನಮಗೆ ನಗು

ಪುಣೆ–ಲೋಣಾವಳಾ ಲೋಕಲ್ ಹಾದಿಯ ತಳೇಗಾಂವ ದಾಭಾಡೆಯಲ್ಲಿ ಬೀದಿಯ ಮಾತು ಮರಾಠಿ. ಅಲ್ಲಿನ ಕನ್ನಡ ಮನೆಗಳ ಮಕ್ಕಳಿಗೆ ಕನ್ನಡ ಕೇಳಿಸುವುದು ಅಪ್ಪ-ಅಮ್ಮನಿಂದ, ಇಲ್ಲವೇ ಟಿವಿಯಿಂದ. ಆ ಟಿವಿ ಭಾಷೆಯ ಜೊತೆಗೆ ಸಂಸಾರದ ಪಾಠವನ್ನೂ ಹೇಳಿಕೊಡುತ್ತದೆ.

2000ದ ದಶಕದಲ್ಲಿ ಈಟಿವಿ ಕನ್ನಡದಲ್ಲಿ ಬಂದ ಸಿಹಿಕಹಿ ಚಂದ್ರು ಅವರ 'ಪಾಪ ಪಾಂಡು' ನೆನಪಿದೆಯಲ್ಲ? ಪಾಂಡುವಾಗಿ ಚಿದಾನಂದ್, ಶ್ರೀಮತಿಯಾಗಿ ಶಾಲಿನಿ. ಹೆಂಡತಿ ಬಾರಿಸುತ್ತಾಳೆ, ಗಂಡ ನಡುಗುತ್ತಾನೆ, ನಾವು ಹೊಟ್ಟೆ ಹುಣ್ಣಾಗುವಂತೆ ನಗುತ್ತೇವೆ. ಹಾಗಾದರೆ ಹೆಣ್ಣಿಗೆ ಅಧಿಕಾರ ಸಿಕ್ಕಿತೇ? ಪಾಂಡುವೇ ಕೈಯೆತ್ತಿದ್ದರೆ ಯಾರೂ ನಗುತ್ತಿರಲಿಲ್ಲ, ಅದು ಕಣ್ಣೀರಿನ ಧಾರಾವಾಹಿಯಾಗುತ್ತಿತ್ತು. ಗಂಡನೇ ಯಜಮಾನ ಎಂಬ ನಂಬಿಕೆ ನಮ್ಮೊಳಗೆ ಗಟ್ಟಿಯಾಗಿರುವುದರಿಂದಲೇ ಅದು ತಲೆಕೆಳಗಾದಾಗ ನಗು ಉಕ್ಕುತ್ತದೆ.

2018ರಲ್ಲಿ ಕಲರ್ಸ್ ಸೂಪರ್‌ನಲ್ಲಿ ಪಾಂಡು ಮತ್ತೆ ಬಂದ. ಮಕ್ಕಳೊಂದಿಗೆ ಕೂತು ನಗೋಣ, ತಪ್ಪಿಲ್ಲ. ನಗು ಮುಗಿದ ಮೇಲೆ ನಮ್ಮ ಮನೆಯಲ್ಲಿ ಊಟದ ತಟ್ಟೆ ಎತ್ತುವವರು ಯಾರು ಎಂಬುದನ್ನೂ ಮಕ್ಕಳು ನೋಡುತ್ತಿರುತ್ತಾರೆ.